ವರದಿಯೊಳಗಿದ್ದ ಕೀಲಿಗಳು

ನನ್ನ ಪ್ರೋಗ್ರಾಮಿನೊಳಗೆ ಕೀಲಿ ಇಲ್ಲ. ಈ ಮಾತನ್ನು ಕಂಡಕಂಡವರಿಗೆಲ್ಲ ಹೇಳಿ ಹೇಳಿ ನನ್ನ ಬಾಯಿ ಸೋತಿತ್ತು. ಕೈಯಲ್ಲಿ ಹಿಡಿದು ಆಡುವ ಕನ್ಸೋಲಿನ ಗೇಮ್‌ಗಳನ್ನು ಕಂಪ್ಯೂಟರಿನಲ್ಲಿ ಆಡಿಸುವ ಎಮ್ಯುಲೇಟರ್ ನನ್ನದು. ಕಂಪನಿಯವರು ಗೇಮ್‌ಗೆ ಗೂಢಲಿಪಿಯ ಬೀಗ ಹಾಕಿರುತ್ತಾರೆ. ಅದರ ಕೀಲಿ ಕನ್ಸೋಲಿನ ಹೊಟ್ಟೆಯೊಳಗಿರುತ್ತದೆ. ಬೇಕಾದವರು ತಾವು ಕೊಂಡ ಕನ್ಸೋಲಿನಿಂದ ತಾವೇ ತೆಗೆದುಕೊಳ್ಳಲಿ, ನಾನು ಕೊಡುವವಳಲ್ಲ. ಅಂಗಲಾಚಿದವರಿಗೆಲ್ಲ ಮುಖಕ್ಕೆ ಹೊಡೆದ ಹಾಗೆ ಇಲ್ಲ ಎಂದಿದ್ದೇನೆ.

ಅದಕ್ಕೇ ಕಂಪನಿಯ ನೋಟಿಸ್ ಬಂದಾಗ ಹೆದರಲಿಲ್ಲ. ಅವರ ವಕೀಲರು ಮಧ್ಯಾಹ್ನ ಅಣ್ಣನ ರಿಪೇರಿ ಅಂಗಡಿಗೆ ಬರುತ್ತಾರಂತೆ. ನನ್ನ ಸರ್ವರ್ ಇರುವುದು ಅಲ್ಲೇ, ಅಣ್ಣನ ಮೇಜಿನ ಕೆಳಗೆ. ನಾನು ನೆಟ್ಟಗೆ ಚಿಕ್ಕಮ್ಮನ ಕಚೇರಿಗೆ ಹೋದೆ. ಚಿಕ್ಕಮ್ಮ ವಕೀಲೆ. ಅಮ್ಮನ ತಂಗಿಯಾದರೂ ಅಮ್ಮನ ಮೆತ್ತಗಿನ ಸ್ವಭಾವ ಒಂದು ಚೂರೂ ಇಲ್ಲ.

"ನೀನು ಕೀಲಿ ಹಂಚಿಲ್ಲ ಅಂದ್ರೆ ವಾದ ಮಾಡ್ಬಹುದು," ಎಂದಳು. "ಹಂಚಿದ್ದು ಒಂದೇ ಒಂದು ಸಿಕ್ಕಿದ್ರೂ ನಿನ್ನ ಪ್ರೋಗ್ರಾಮ್ ಹೋಯ್ತು, ನೀನು ಕಟಕಟೆ ಹತ್ಬೇಕು. ಬೇರೆಲ್ಲೂ ಇಲ್ವಾ? ಯೋಚ್ನೆ ಮಾಡಿ ಹೇಳು."

ಇಲ್ಲ ಎನ್ನಲು ಬಾಯಿ ತೆರೆದಾಗಲೇ ನೆನಪಾಯಿತು. ಪ್ರೋಗ್ರಾಮ್ ಕೆಟ್ಟು ನಿಂತಾಗ ತಾನಾಗಿಯೇ ನನಗೊಂದು ವರದಿ ಕಳಿಸುತ್ತದೆ. ದೋಷ ಬೇಗ ಸಿಗಲಿ ಎಂಬ ಆಸೆಗೆ, ಬಳಸುವವರ ಸೆಟ್ಟಿಂಗ್ ಫೋಲ್ಡರ್ ಇಡಿಯಾಗಿ ಬರುವಂತೆ ನಾನೇ ಬರೆದಿದ್ದೆ. ಅವರವರ ಕೀಲಿಗಳಿರುವುದು ಅದೇ ಫೋಲ್ಡರಿನಲ್ಲಿ. ಯಾರು ಬೇಕಾದರೂ ನೋಡಿ ದೋಷ ಹುಡುಕಲಿ ಎಂದು ಆ ವರದಿಗಳನ್ನು ನನ್ನ ಸರ್ವರಿನ ಒಂದು ಪುಟದಲ್ಲಿ ಬಯಲಿಗೂ ಇಟ್ಟಿದ್ದೆ. ಮುಂಬಾಗಿಲಿಗೆ ಅಗುಳಿ ಹಾಕಿ ಹಿತ್ತಿಲ ಬಾಗಿಲು ಹಾರುಹೊಡೆದಿಟ್ಟ ಜಾಣೆ ನಾನು.

ಅಲ್ಲಿಂದಲೇ ಅಣ್ಣನಿಗೆ ಫೋನ್ ಮಾಡಿದೆ. "ಮುಗೀತು ಅಣ್ಣ. ಆ ವರದಿಗಳಲ್ಲೇ ಕೀಲಿಗಳಿವೆ. ಅವ್ರು ನೋಡಿದ್ರೆ ನನ್ನ ಕಥೆ ಅಷ್ಟೇ." ಅವನು ಸಮಾಧಾನ ಹೇಳತೊಡಗಿದ. ಅತ್ತುಬಿಡುತ್ತೇನೆ ಎನ್ನಿಸಿ ಕಟ್ ಮಾಡಿದೆ.

ಚಿಕ್ಕಮ್ಮ ಆಗಲೇ ಎದ್ದಿದ್ದಳು. "ಗೊತ್ತಿಲ್ದೆ ಆಗಿದ್ದು ಇದು. ನಾವೇ ತೋರ್ಸಿ, ಅವರೆದುರಿಗೇ ಮುಚ್ಚೋಣ. ಅಳಿಸಿದ್ರೆ ಮಾತ್ರ ಕೆಟ್ವಿ. ನೋಟಿಸ್ ಬಂದ್ಮೇಲೆ ಅಳಿಸೋದು ಸಾಕ್ಷಿ ನಾಶ."

"ಅಣ್ಣಂಗೂ ಹೇಳ್ತೀನಿ."

"ಫೋನಲ್ಲಿ ಆಡಿದ್ದು ಸಾಕು. ನಡಿ."

ಅಂಗಡಿಯಲ್ಲಿ ಕಂಪನಿಯ ವಕೀಲರು ಆಗಲೇ ಗಿರಾಕಿಗಳ ಸ್ಟೂಲಿನ ಮೇಲೆ ಕೂತಿದ್ದರು. ಅಣ್ಣ ಬಿಚ್ಚಿಟ್ಟ ಕನ್ಸೋಲುಗಳನ್ನು ಬದಿಗೆ ಸರಿಸಿ ನಮಗೆ ಜಾಗ ಮಾಡಿದ. ಏನೂ ಆಗಲ್ಲ ಬಿಡು ಎಂದು ನನಗೆ ಕಣ್ಣಲ್ಲೇ ಹೇಳಿದ.

ಚಿಕ್ಕಮ್ಮ ನಮ್ಮ ತಪ್ಪನ್ನು ತಾನೇ ಬಾಯಿಬಿಟ್ಟು ಹೇಳಿದಳು. ನಾನು ವರದಿಗಳ ಪುಟ ತೆರೆದೆ. ಅಲ್ಲಿ ಒಂದೂ ಇರಲಿಲ್ಲ.

ಅಣ್ಣನ ಮುಖ ಸುಣ್ಣವಾಗಿತ್ತು. ಗಿರಾಕಿ ಬರುವ ಮುಂಚೆ ಕನ್ಸೋಲಿನಲ್ಲಿರುವ ಹಳೆಯದನ್ನೆಲ್ಲ ಅಳಿಸಿ, ಒರೆಸಿ, ಹೊಸದರ ಹಾಗೆ ಮಾಡಿಡುವುದು ಅವನ ಅಭ್ಯಾಸ. ನನಗಾಗಿಯೂ ಅದನ್ನೇ ಮಾಡಿದ್ದ. ಅವನ ಮೇಲೆ ಬಂದ ಸಿಟ್ಟಿಗಿಂತ ಹೆಚ್ಚು ಕರುಳು ಚುರುಕ್ಕೆಂದಿತು.

"ಯಾರು ಅಳಿಸಿದ್ದು?" ವಕೀಲರು ದನಿ ಏರಿಸಲಿಲ್ಲ.

ಅಣ್ಣ ಬಾಯಿ ತೆರೆಯುವುದರೊಳಗೆ "ನಾನು" ಎಂದೆ.

ಅವರು ಬಗ್ಗಿ, ಅಳಿಸಿದ ಹೊತ್ತನ್ನು ಪರದೆಯ ಮೇಲೆ ಓದಿದರು. "ಈಗ ಸ್ವಲ್ಪ ಮುಂಚೆ, ಇದೇ ಕಂಪ್ಯೂಟರಿಂದ. ಆಗ ಇಲ್ಲಿದ್ರಾ ನೀವು?"

"ಇದ್ದೆ."

ಚಿಕ್ಕಮ್ಮ ಕನ್ನಡಕ ತೆಗೆದು ಮೇಜಿನ ಮೇಲಿಟ್ಟಳು. ಅಣ್ಣನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು ಅವಳು. ಅವನ ಕಡೆ ನೋಡಲಿಲ್ಲ.

"ಇವಳಲ್ಲ. ಆ ಹೊತ್ತಲ್ಲಿ ಇವಳು ನನ್ನ ಮುಂದೆ ಕೂತಿದ್ಲು. ನಾನಿಲ್ಲಿ ಇವಳ ವಕೀಲೆ ಮಾತ್ರ."

ವಕೀಲರು ಅಣ್ಣನ ಕಡೆ ತಿರುಗಿದರು.

"ಹಾಗಾದ್ರೆ ನಂಗೆ ಬೇರೆ ವಕೀಲರು ಬೇಕಾ, ಚಿಕ್ಕಮ್ಮ?" ಅಣ್ಣ ಮೆಲ್ಲಗೆ ಕೇಳಿದ.

"ಬೇಕು ಮಗು," ಎಂದಳು. ಆಗಲೂ ಅವನನ್ನು ನೋಡಲಿಲ್ಲ.