ಐದೂವರೆ ತಾಸಿನ ಅಂತರ

ನಾನು ಒಂದು ಲೈಬ್ರರಿ. ಪುಸ್ತಕದ ಕಪಾಟುಗಳಿರುವ ಲೈಬ್ರರಿಯಲ್ಲ. ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ, ಕಂಪ್ಯೂಟರಿನೊಳಗಿನ ಒಂದಿಷ್ಟು ಸಾಲುಗಳ ಕಟ್ಟು. ಯಾರು, ಯಾವಾಗ, ಏನು ಮಾಡಿದರು, ಎಲ್ಲಿ ಎಡವಿದರು ಎಂದು ಬರೆದಿಡುವುದು ನನ್ನ ಕೆಲಸ. ಆ ಬರಹಕ್ಕೆ ಲಾಗ್ ಎನ್ನುತ್ತಾರೆ. ಎಲ್ಲ ಸರಿಯಿರುವಾಗ ಅದನ್ನು ಯಾರೂ ಓದುವುದಿಲ್ಲ.

ನನ್ನನ್ನು ಹುಟ್ಟಿಸಿದವಳು ಪ್ರಭಾವತಿ ಕಮ್ಮಾರ. ಹಗಲು ಹೊಲಿಗೆ ಅಂಗಡಿಯಲ್ಲಿ ಕಾಜಾ ಹಾಕಿ, ಸಂಜೆ ಕಾಲೇಜಿನಲ್ಲಿ ಕಂಪ್ಯೂಟರ್ ಕಲಿತವಳು. ಐದು ಜನರ ಆ ಸಣ್ಣ ಕಚೇರಿಯಲ್ಲಿ ಎಲ್ಲರೂ ತನಗಿಂತ ಹೆಚ್ಚು ಬಲ್ಲವರೆಂದು ನಂಬಿದ್ದಳು. ಒಂದೊಂದು ಸಾಲನ್ನೂ ಮೂರು ಸಲ ಓದಿ, ಬೆರಳಿಟ್ಟು ಮತ್ತೊಮ್ಮೆ ಓದುತ್ತಿದ್ದಳು. ಸಮಯವನ್ನು ಜಗತ್ತಿಗೆಲ್ಲ ಒಂದೇ ಆದ ಗ್ರೀನ್‌ವಿಚ್ ಗಡಿಯಾರದಂತೆ ಬರೆಸಬೇಕೆಂದು ಮೇಷ್ಟ್ರು ಕಲಿಸಿದ್ದರು. ಹಾಗೆಯೇ ಬರೆಸಿದಳು. ಅದು ಯಾವ ಗಡಿಯಾರ ಎಂದು ಪಕ್ಕದಲ್ಲಿ ಸೇರಿಸುವುದನ್ನು ಮಾತ್ರ ಮರೆತಳು.

ಮೊದಲು ರಕ್ತನಿಧಿಯ ಫ್ರಿಜ್ ಕಾಯುವ ಪ್ರೋಗ್ರಾಂಗೆ ನನ್ನನ್ನು ಜೋಡಿಸಿದರು. ಆಮೇಲೆ ಊರಿಗೆ ನೀರು ಬಿಡುವ ಪ್ರೋಗ್ರಾಂಗೆ. ಅಲ್ಲಿ ಎಂಟು ದಿನಕ್ಕೊಮ್ಮೆ ನೀರು. ವಾಲ್ವ್ ತಿರುಗಿಸಿದವನು ಮೊಬೈಲಿನಲ್ಲಿ ‘ತೆರೆದೆ’ ಎಂದು ಒತ್ತಿದರೆ ನಾನೊಂದು ಸಾಲು ಬರೆಯುತ್ತಿದ್ದೆ.

ಕುಂಬಾರ ಓಣಿಯ ಪಾಳಿ ಬೆಳಿಗ್ಗೆ ಹನ್ನೊಂದೂವರೆಗೆ. ಒಂದು ಪಾಳಿಯ ದಿನ ಅಲ್ಲಿ ನೀರು ಬರಲಿಲ್ಲ. ಹೆಂಗಸರು ಖಾಲಿ ಕೊಡ ಹಿಡಿದು ನೀರಿನ ಕಚೇರಿಗೆ ಬಂದರು. ಎಂಜಿನಿಯರ್ ಆ ಓಣಿಯ ವಾಲ್ವಿನವನನ್ನು ಕರೆಸಿ, ನನ್ನ ಲಾಗ್ ತೆಗೆಸಿದರು: ‘ಫಕ್ಕೀರಪ್ಪ, ತೆರೆದೆ, ೬:೦೦.’

“ಆರಕ್ಕ ಯಾರ ಹೊಲಕ್ಕ ಬಿಟ್ಟಿಪಾ ನೀರು?”

“ಸಾಹೇಬ್ರ, ಆರಕ್ಕ ನಾ ಎದ್ದೇ ಇರಂಗಿಲ್ರಿ. ನನ್ನ ಹೆಂಡ್ತೀನ್ನ ಕೇಳ್ರಿ, ದಿನಾ ಬೈತಾಳ,” ಎಂದ ಫಕ್ಕೀರಪ್ಪ.

“ಮಷೀನ್ ಸುಳ್ಳ ಹೇಳತೈತೇನು?”

ಅವನ ಮೊಬೈಲು ಕಸಿದುಕೊಂಡು ಮನೆಗೆ ಕಳಿಸಿದರು. ವಿಚಾರಣೆ ಮುಗಿಯುವವರೆಗೆ ಕೆಲಸವಿಲ್ಲ. ಕಳವು ಸಾಬೀತಾದರೆ ಮುಂದೆಂದೂ ಇಲ್ಲ.

ವಿಚಾರಣೆಗೆಂದು ಪೂರ್ತಿ ಲಾಗ್ ಅಚ್ಚು ಹಾಕುವ ಕೆಲಸ ಪ್ರಭಾವತಿಗೆ ಬಂತು. ಹಾಳೆ ತಿರುವುತ್ತ ಅವಳ ಬೆರಳು ತನ್ನದೇ ಹೆಸರಿನ ಮೇಲೆ ನಿಂತಿತು: ‘ಪ್ರಭಾವತಿ, ಪರೀಕ್ಷೆ, ೧೨:೦೦.’ ಅದನ್ನು ಒತ್ತಿದ್ದು ಸಂಜೆ ಐದೂವರೆಗೆ, ಬಸ್ಸು ತಪ್ಪುತ್ತದೆಂದು ಚೀಲ ಹೆಗಲಿಗೇರಿಸಿಕೊಂಡು. ಅವಳಿಗೆ ಚೆನ್ನಾಗಿ ನೆನಪಿತ್ತು. ಉಳಿದ ಸಾಲುಗಳನ್ನೂ ನೋಡಿದಳು. ಲಾಗಿನ ಪ್ರಕಾರ ಊರಿನ ಒಂಬತ್ತೂ ವಾಲ್ವಿನವರು ಪಾಳಿಗಿಂತ ಐದೂವರೆ ತಾಸು ಮೊದಲೇ ನೀರು ಬಿಟ್ಟಿದ್ದರು; ಗ್ರೀನ್‌ವಿಚ್ ಗಡಿಯಾರ ನಮ್ಮದಕ್ಕಿಂತ ಅಷ್ಟೇ ಹಿಂದೆ. ಫಕ್ಕೀರಪ್ಪ ಒತ್ತಿದ್ದು ಸರಿಯಾಗಿ ಹನ್ನೊಂದೂವರೆಗೆ.

“ಸುಮ್ಮ ತಿದ್ದಿಬಿಡು ಪ್ರಭಾ, ಯಾರಿಗ್ ಗೊತ್ತಾಗ್ತದ?” ಎಂದರು ಅವಳ ಕಚೇರಿಯ ಮಾಲೀಕ ಅಳಗವಾಡಿ.

“ಲಾಗ್ ತಿದ್ದಬಾರದ್ರಿ ಸರ. ತಿದ್ದಿದ್ರ, ಫಕ್ಕೀರಪ್ಪನೇ ತಿದ್ದಿಸ್ಯಾನ ಅಂತಾರ.”

“ನಿನ್ನ ತಪ್ಪು ಅಂತ ಒಪ್ಪಿಕೊಂಡ್ರ ನಿನ್ನ ಕೆಲಸಾನೂ ಹೋದೀತು, ನೋಡು.”

ಹೋಗಲಿಲ್ಲ. ಆದರೆ ಎಂಜಿನಿಯರ್ ಮುಂದೆ ನಿಂತಾಗ ಹೋಗುತ್ತದೆಂದೇ ಅವಳು ತಿಳಿದಿದ್ದಳು. ಹಾಳೆಯಲ್ಲಿ ತನ್ನ ಹೆಸರಿನ ಸಾಲಿಗೆ ಬೆರಳಿಟ್ಟು, ತಪ್ಪು ತನ್ನದೆಂದು ತೋರಿಸಿದಳು. ಅವಳ ಮಾತು ಕೇಳಿ ರಸ್ತೆ ಅಗೆಸಿದರು. ಕೆಳಗೆ ಪೈಪು ಒಡೆದು, ಓಣಿಯ ನೀರೆಲ್ಲ ಹಳೇ ಗಟಾರಕ್ಕೆ ಹೋಗುತ್ತಿತ್ತು.

ಹನ್ನೆರಡನೆಯ ದಿನ ಫಕ್ಕೀರಪ್ಪನಿಗೆ ಮೊಬೈಲು ಮರಳಿ ಸಿಕ್ಕಿತು. ಮರುದಿನ ಪೈಪು ದುರಸ್ತಿಯಾಗಿ, ಪಾಳಿ ಕಾಯದೆ ನೀರು ಬಿಟ್ಟರು; ಪ್ರಭಾವತಿ ಕುಂಬಾರ ಓಣಿಗೆ ಬಂದಾಗ ನಾನು ಅವನ ಜೇಬಿನ ಮೊಬೈಲಿನಲ್ಲಿದ್ದೆ.

“ಓಣಿ ಮಂದಿ ನನ್ನ ನೀರಗಳ್ಳ ಅಂದ್ರು, ಅಕ್ಕಾರ. ಪಕ್ಕದ ಓಣಿ ನಳಕ್ಕ ಹೋದ್ರ ನನ್ನ ಮಗಳಿಗೆ ಅಲ್ಲೂ ನಿಲ್ಲಾಕ ಬಿಡಲಿಲ್ಲ. ಅದನ್ನೂ ಬರಕೊಂಡೈತೇನ್ರಿ ನಿಮ್ಮ ಮಷೀನು?”

“ಇಲ್ರಿ,” ಎಂದಳು. ಆಮೇಲೆ ನಳದ ಸುತ್ತ ನಿಂತವರ ಕಡೆ ತಿರುಗಿ, ತಪ್ಪು ತನ್ನದೆಂದೂ ಅವನದಲ್ಲವೆಂದೂ ಗಟ್ಟಿಯಾಗಿ ಹೇಳಿದಳು. ಹಿಂದಿದ್ದವರಿಗೂ ಕೇಳಲೆಂದು ಮತ್ತೊಮ್ಮೆ ಹೇಳಿದಳು. ಒಬ್ಬ ಮುದುಕಿ, “ಫಕ್ಕೀರಪ್ಪನ ಮಗಳ್ನ ಕರೀರಿ, ಆಕೀ ಕೊಡಾ ಮೊದಲ ತುಂಬ್ಲಿ,” ಎಂದಳು.

ಆಮೇಲೆ ನಾನು ಬರೆದ ಪ್ರತಿ ಸಾಲಿನಲ್ಲೂ ಗಡಿಯಾರದ ಹೆಸರಿತ್ತು. ಈಗ ನನ್ನ ಜಾಗಕ್ಕೆ ಹೊಸ ಲೈಬ್ರರಿ ಬಂದಿದೆ. ಹಳೆಯ ಲಾಗ್ ಓದಲು ಬೇಕಾದೀತೆಂದು ನೀರಿನ ಕಚೇರಿಯ ಮೂಲೆಯ ಕಂಪ್ಯೂಟರಿನಲ್ಲಿ ನನ್ನನ್ನು ಉಳಿಸಿದ್ದಾರೆ. ನಾನು ಸುಳ್ಳು ಬರೆದವನಲ್ಲ. ಆದರೂ ಒಬ್ಬ ಮನುಷ್ಯ ಕಳ್ಳನೆನಿಸಿಕೊಂಡ. ಆ ಹನ್ನೆರಡು ದಿನಗಳಲ್ಲಿ ಅವನ ಹೆಸರಿನ ಮುಂದೆ ನನ್ನಲ್ಲಿ ಒಂದೂ ಸಾಲಿಲ್ಲ. ಯಾರಾದರೂ ಬಂದು ಓದಿದರೆ, ಫಕ್ಕೀರಪ್ಪ ರಜೆಯಲ್ಲಿದ್ದ ಎಂದುಕೊಳ್ಳುತ್ತಾರೆ.