ಎರಡನೇ ಸಲ ಬಿದ್ದದ್ದು

"ಸಾರ್‌ದು ತಲೆ ಸ್ವಲ್ಪ ಈ ಕಡೆ ತಿರುಗಿಸ್ರೋ, ಮುಖದ ಮೇಲೆ ನೆರಳು ಬೀಳ್ತಿದೆ," ಎಂದು ಕ್ಯಾಮೆರಾ ಪಕ್ಕ ನಿಂತಿದ್ದ ಶಿಷ್ಯ ಹೇಳಿದ್ದೇ ತಡ, ಇಬ್ಬರು ಹೆಣದ ತಲೆ ಹಿಡಿದು ತಿರುಗಿಸಿದರು. ಮೂಲೆಯ ಕುರ್ಚಿಯಲ್ಲಿ ಕುಳಿತಿದ್ದ ತಂಗಿಗೆ ನಗು ಬಂತು. ಟಿವಿಗೆ ಆಟಗಾರರ ನಿಜಜೀವನದ ಚಿತ್ರ ಮಾಡಿ ಹೆಸರಾದ ನಿರ್ದೇಶಕ ಅಣ್ಣ. ಪಾಪ, ಸತ್ತ ಮೇಲೂ ಶಾಟ್‌ಗೆ ಸರಿಹೋಗಬೇಕಿತ್ತು. ಗೆದ್ದವರ ಹತ್ತಿರ ಅವನು ಸುಳಿದವನೇ ಅಲ್ಲ. ಸೋತು ಸುಣ್ಣವಾದವರು ಸಿಕ್ಕರೆ ಅವನಿಗೆ ಹಬ್ಬ.

ಶಿಷ್ಯ ಬಂದು ಅವಳಿಗೆ ಮೈಕು ಸಿಕ್ಕಿಸಿದ. "ಸಾರ್ ನೆನಪಿನ ಚಿತ್ರಕ್ಕೆ ಎರಡು ಮಾತಾಡ್ಬೇಕು ಮೇಡಂ. ಸಾರ್ ಮಾಡಿದ ಮೊದಲನೇ ಚಿತ್ರ ನಿಮ್ದೇ ಅಲ್ವಾ. ಓಟದಲ್ಲಿ ಬಿದ್ದು ಕಾಲು ಮುರ್ಕೊಂಡ ತಂಗಿ."

ಅತ್ತಿಗೆ ಪಕ್ಕಕ್ಕೆ ಬಂದು ಪಿಸುಗುಟ್ಟಿದಳು. "ಇವತ್ತೊಂದಿನ ಸುಮ್ನಿರಮ್ಮಾ. ಹೋದೋರ ಮಾನ ಉಳಿಸು."

"ಇಷ್ಟು ವರ್ಷ ಉಳಿಸಿದ್ದು ಸಾಲ್ದಾ ಅತ್ತಿಗೆ? ಅವನ ಎದುರಿಗೇ ಹೇಳ್ಬೇಕು. ಹೊರಟುಹೋದ್ಮೇಲೆ ಯಾರಿಗೆ ಹೇಳ್ಲಿ?"

*

ಓಟದಲ್ಲಿ ಅವಳು ಬಿದ್ದದ್ದು ನಿಜ. ಮಂಡಿ ತರಚಿತ್ತು, ಅಷ್ಟೇ. ಮುಂದಿನ ಓಟಕ್ಕೆ ಆಗಲೇ ಹೆಸರು ಕೊಟ್ಟಿದ್ದಳು. ಆದರೆ ಬಿದ್ದ ಗಳಿಗೆಯಲ್ಲಿ ಅಣ್ಣನ ಕ್ಯಾಮೆರಾ ಗೆದ್ದವಳ ಮೇಲಿತ್ತು. ಮರುದಿನ ಅಣ್ಣ ಅವಳನ್ನು ಖಾಲಿ ಮೈದಾನಕ್ಕೆ ಕರೆದೊಯ್ದ.

"ಇನ್ನೊಂದ್ಸಲ ಬೀಳು ಪುಟ್ಟಿ."

ಬಿದ್ದಳು.

"ಇದು ಬೀಳೋದಾ? ಹಾಸಿಗೆ ಮೇಲೆ ಮಲಗಿದ ಹಾಗಿದೆ. ಜೋರಾಗಿ ಓಡಿ ಬಂದು ಬೀಳೇ."

ಅಣ್ಣನ ಮೊದಲ ಕೆಲಸ, ಕೆಡಬಾರದೆಂದು ಅವಳು ಜೀವ ಬಿಟ್ಟು ಓಡಿದಳು. ಮಂಡಿಯಲ್ಲಿ ಏನೋ ಲಟಕ್ಕೆಂದಿತು. ಕಿರುಚಿಕೊಂಡಳು. ಅಣ್ಣ ಹತ್ತಿರ ಬರಲಿಲ್ಲ. ನಿಲ್ಲಿಸಬೇಡ ಎಂದು ಕ್ಯಾಮೆರಾದವನಿಗೆ ಕೈಸನ್ನೆ ಮಾಡಿದ. ಓಟದಲ್ಲೇ ಬಿದ್ದದ್ದೆಂದು ತೋರಿಸಿದ ಆ ಕಿರುಚಾಟ ಅವನಿಗೆ ಬಹುಮಾನ ತಂದಿತು, ಜೀವನಪೂರ್ತಿ ಕೆಲಸ ತಂದಿತು. ಅವಳು ಮತ್ತೆ ಓಡಲಿಲ್ಲ.

*

ಒಂದನ್ನೂ ಮುಚ್ಚಿಡದೆ ಹೇಳಿದಳು. ಅತ್ತಿಗೆ ಮುಖ ಮುಚ್ಚಿಕೊಂಡಳು. ಎದೆಯ ಭಾರ ಇಳಿದಂತಾಗಿ, ಈಗಲಾದರೂ ಯಾರೋ ಒಬ್ಬರು ಅವನಿಗೆ ಛೀ ಅಂದಾರು ಎಂದು ತಂಗಿ ಕಾದಳು.

ಶಿಷ್ಯನ ಕಣ್ಣು ತುಂಬಿತ್ತು. "ಎಂಥಾ ಮನುಷ್ಯ ರೀ," ಅಂದ. "ಒಡಹುಟ್ಟಿದೋಳು ಕಿರುಚ್ತಾ ಇದ್ರೂ ಶಾಟ್ ಬಿಡ್ಲಿಲ್ಲ. ಕೆಲ್ಸ ಅಂದ್ರೆ ಇದು."

ಹಿಂದೆ ನಿಂತವರು ತಲೆದೂಗಿದರು. ಒಬ್ಬ ಹೆಣಕ್ಕೆ ಕೈ ಮುಗಿದ.

"ನಾನು ಹೇಳಿದ್ದು ಅದಲ್ಲ," ಎಂದಳು. ಅಷ್ಟರಲ್ಲಿ ಮೈಕು ಬಿಚ್ಚಿಕೊಂಡು ಹೋಗಿದ್ದರು.

ಹೆಣವನ್ನು ಮಹಡಿಯಿಂದ ಇಳಿಸಿ ವಾಹನಕ್ಕೆ ಏರಿಸಿದರು. ಗೋಡೆ ಹಿಡಿದು, ಕಾಲೆಳೆಯುತ್ತ, ಒಂದೊಂದೇ ಮೆಟ್ಟಿಲು ಇಳಿಯುತ್ತ ಅವಳು ಹಿಂದೆ ಹೊರಟಳು. ಕೆಳಗೆ ಕ್ಯಾಮೆರಾದವನು ನೆಲಕ್ಕೆ ಕುಕ್ಕರಿಸಿ, ಅವಳ ಮುಖ ಬಿಟ್ಟು, ಮಂಡಿಗೆ ಗುರಿಯಿಟ್ಟು ಕಾಯುತ್ತಿದ್ದ.