ಗಮಲು ಹೂವಿನ ಹುಟ್ಟು

ಒಂಟಿಕೊಪ್ಪಲಿನ ಬೀದಿಗಳಲ್ಲಿ ಮಲ್ಲಿಗೆ ಮಾರುವ ಚೆಲುವಮ್ಮ ಎಂದೂ ಮಲ್ಲಿಗೆ ಎಂದು ಕೂಗಿದವಳಲ್ಲ. ‘ಗಮಲೂ’ ಎನ್ನುತ್ತಿದ್ದಳು. ಜೊತೆಗೆ ಬರುವ ಮಗಳು ಶಿವನಂಜಮ್ಮನದೂ ಅದೇ ಕೂಗು. ಎಂ.ಎ. ಮುಗಿಸಿ ಕೆಲಸವಿಲ್ಲದೆ ಕೂತಿದ್ದ ಸುಂದರೇಶ ಆ ಪದಕ್ಕೆ ಮರುಳಾದ.

ಕನ್ನಡ ಸೀಮೆಯೆಲ್ಲ ಒಂದು ರಾಜ್ಯವಾದ ಮರುವರ್ಷ ಅದು. ಅವನ ಮೇಷ್ಟ್ರು ರಾಮಸ್ವಾಮಿಗಳು ಆಡುಮಾತಿನ ನಿಘಂಟು ಕೈಗೆತ್ತಿಕೊಂಡಿದ್ದರು. ಅದಕ್ಕೊಬ್ಬ ಸಹಾಯಕ ಬೇಕಿತ್ತು. ಗಮಲು ಎಂಬುದು ಮಲ್ಲಿಗೆಗೆ ಹಳ್ಳಿಯವರಿಟ್ಟ ಪ್ರಾಚೀನ ಹೆಸರೆಂದು ಸುಂದರೇಶ ಬರೆದು ತೋರಿಸಿದಾಗ ಮೇಷ್ಟ್ರು ತಲೆದೂಗಿ, ಊರಿನ ವಿವರ ಸೇರಿಸಿ ಶುಕ್ರವಾರ ತಂದರೆ ಕೆಲಸ ಅವನದೇ ಎಂದಿದ್ದರು.

ಚೆಲುವಮ್ಮ ಜಗಲಿಯ ಮೇಲೆ ಬುಟ್ಟಿ ಇಳಿಸಿದಾಗ, ನಿಮ್ಮೂರಲ್ಲಿ ಎಲ್ಲರೂ ಮಲ್ಲಿಗೆಗೆ ಗಮಲು ಅಂತಾರಾ ಎಂದು ಅವನು ಕೇಳಿದ.

“ಊರೋರೆಲ್ಲ ನೀವು ಅನ್ನಂಗೇ ಅಂತಾರೆ ಸ್ವಾಮಿ,” ಎಂದಳು.

“ಮತ್ತೆ ನೀವು?”

ಅವಳು ತಲೆ ತಗ್ಗಿಸಿ ಹೂ ಮೊಳ ಹಾಕತೊಡಗಿದಳು. ಮಗಳಿಗೆ ನಗು ಬಂತು.

“ಅವ್ವನ್ನ ಕೇಳಿದ್ರೆ ಎಂಗೆ ಹೇಳಾಳು? ನಮ್ಮಪ್ಪನ ಹೆಸ್ರು ಮಲ್ಲಯ್ಯ ಕಣ್ರೀ.”

ಗಂಡನ ಹೆಸರು ಹೇಳಬಾರದು. ಅದು ಸುಳಿಯುವ ಮಾತನ್ನೂ ಆಡಬಾರದು. ಪ್ರಾಚೀನ ಪದ ಜಗಲಿಯ ಮೇಲೇ ಪ್ರಾಣ ಬಿಟ್ಟಿತು. ಕೆಲಸವೂ ಹೋದಂತೆಯೇ.

ಆದರೂ ಸುಂದರೇಶನಿಗೆ ಕುತೂಹಲ ತಡೆಯಲಾಗಲಿಲ್ಲ. ಅಪ್ಪನ ಹೆಸರು ಹೇಳಲು ನಿಮಗೇನು ಅಡ್ಡಿ ಎಂದು ಮಗಳನ್ನು ಕೇಳಿದ. ಅಡ್ಡಿಯೇನಿಲ್ಲ, ಅವ್ವ ಅಂದದ್ದೇ ಬಾಯಿಗೆ ಬಂತು ಎಂದಳು. ಈಗ ಬೀದಿಯ ಹೆಂಗಸರೂ ಎರಡು ಮೊಳ ಗಮಲು ಕೊಡು ಎನ್ನುತ್ತಾರಂತೆ.

ತರಗತಿಯಲ್ಲಿ ಮೇಷ್ಟ್ರು ಹೇಳಿದ್ದು ಅವನಿಗೆ ನೆನಪಾಯಿತು. ಇಂಗ್ಲಿಷ್, ಜರ್ಮನ್, ಡಚ್ಚು, ಈ ದಾಯಾದಿ ಭಾಷೆಗಳಲ್ಲಿ ಕರಡಿಗಿರುವ ಹೆಸರಿನ ಮೂಲಾರ್ಥ ‘ಕಂದು ಬಣ್ಣದ್ದು’ ಎಂದಷ್ಟೇ ಅಂತೆ. ನಿಜವಾದ ಹೆಸರೆತ್ತಿದರೆ ಕರಡಿ ಬಂದೀತೆಂದು ಜನ ಬಾಯಿ ಕಟ್ಟಿಕೊಂಡರು. ಕೊನೆಗೆ ಆ ಹೆಸರೇ ಅಳಿಸಿಹೋಯಿತು. ಅಲ್ಲಿದ್ದದ್ದು ಭಯ. ಇಲ್ಲಿ? ಚೆಲುವಮ್ಮನ ಬಗ್ಗಿದ ಮುಖದಲ್ಲಿದ್ದದ್ದು ಭಯವೋ, ನಾಚಿಕೆಯೋ, ಅಕ್ಕರೆಯೋ ಅವನಿಗೆ ತಿಳಿಯಲಿಲ್ಲ.

ಶುಕ್ರವಾರ ಹೊಸದಾಗಿ ಬರೆದದ್ದನ್ನು ಕೊಟ್ಟ: ಪದದ ವಯಸ್ಸು ಒಂದು ಮದುವೆಯಷ್ಟು; ಅದರ ಮೂಲ ಒಬ್ಬಾಕೆ ಆಡದ ಮಾತು.

ಮೇಷ್ಟ್ರು ಓದಿ ಹಾಳೆ ಮಗುಚಿ ನೋಡಿದರು.

“ಪ್ರಾಚೀನ ಪದ ಎಲ್ಲಯ್ಯ?”

“ಇರಲೇ ಇಲ್ಲ ಸಾರ್.”

ಅವರು ಕನ್ನಡಕ ತೆಗೆದು ಪಂಚೆಯ ಅಂಚಿನಲ್ಲಿ ಒರೆಸಿಕೊಂಡರು.

“ಅದಿರಲಿ, ಆ ಮಲ್ಲಯ್ಯ ಹೂವಿಗೆ ಏನಂತಾನೆ?”

ಸುಂದರೇಶನಿಗೆ ಅದು ಹೊಳೆದೇ ಇರಲಿಲ್ಲ.

“ಕೇಳ್ಕೊಂಡು ಬಾ. ಸೋಮವಾರ ಕೆಲಸಕ್ಕೆ ಬಂದಾಗ ಹೇಳು.”